ಅಕ್ಕನ ಮುಖದ ಗುಳ್ಳವ್ವ

ನಮ್ಮೂರು ಮುಂಡರಗಿ ಸೀಮೆಯಲ್ಲಿ, ತುಂಗಭದ್ರೆಯ ದಂಡೆಗೆ. ಮಳೆ ಹತ್ತಿತೆಂದರೆ ಎರೆಮಣ್ಣು ಕಾಲು ಬಿಡುತ್ತಿರಲಿಲ್ಲ. ಬಸ್ಸಿನವರು ನಮ್ಮೂರ ಹೆಸರನ್ನೇ ಎತ್ತುತ್ತಿರಲಿಲ್ಲ. ಚಿತ್ರ ಎಲ್ಲಿ ಕಲಿತಿರಿ ಎಂದು ಕೇಳುವವರಿಗೆ ಗದಗಿನಲ್ಲಿ ಎಂದು ಹೇಳಿ ಪಾರಾಗುತ್ತೇನೆ. ಖರೆ ಹೇಳಬೇಕೆಂದರೆ ಕಲಿಸಿದವಳು ನನ್ನ ಅಕ್ಕ, ಹೊಳೆಯ ಮಣ್ಣಿನಲ್ಲಿ.

ಆಷಾಢದ ಮಂಗಳವಾರ ನಮ್ಮ ಕಡೆ ಹುಡುಗಿಯರು ಮಣ್ಣಿನ ಗುಳ್ಳವ್ವನನ್ನು ಮಾಡಿ ಪೂಜಿಸುತ್ತಾರೆ. ಆರತಿ, ಹಾಡು ಎಲ್ಲ ಮುಗಿದು ಮರುದಿನ ಹೊಳೆಗೆ ಬಿಡಬೇಕು. ಅಕ್ಕ ಮಣ್ಣು ನಾದಿ ಕೊಡುತ್ತಿದ್ದಳು, ನಾನು ಗುಲಗಂಜಿಯ ಕಣ್ಣು ಇಡುತ್ತಿದ್ದೆ. "ಮೆಳ್ಳಗಣ್ಣ ಮಾಡಿಯಲ್ಲಲೇ ಹುಚ್ಚಿ!" ಎಂದು ತಲೆಗೆ ಮೊಟಕುತ್ತಿದ್ದಳು.

ಮದುವೆಯಾದ ವರ್ಷ, ಎಲ್ಲ ಹೊಸ ಸೊಸೆಯರಂತೆ ಅವಳೂ ಆಷಾಢಕ್ಕೆ ತವರಿಗೆ ಬಂದಳು. ಆ ಸಲ ಗುಳ್ಳವ್ವನ ಮುಖ ನನ್ನ ಕೈಯಲ್ಲಿ ಅಕ್ಕನ ಮುಖವೇ ಆಗಿಬಿಟ್ಟಿತು. ಅದೇ ಉಬ್ಬುಗಲ್ಲ, ಅದೇ ಮೊಂಡು ಗದ್ದ. ಓಣಿಯ ಹೆಂಗಸರೆಲ್ಲ ಬಂದು ನೋಡಿ ನಕ್ಕರು. ಮರುದಿನ ಬಿಡಲೊಲ್ಲೆನೆಂದು ನಾನು ಹೊಳೆಯ ದಂಡೆಯಲ್ಲಿ ಬಿದ್ದು ಹೊರಳಾಡಿ ಅತ್ತೆ.

"ದೇವರನ್ನ ಕಳಿಸಬೇಕವ್ವಾ, ಹಿಡಕೊಂಡು ಕುಂಡ್ರಬಾರದು" ಎಂದು ಅವ್ವ ನನ್ನ ಕೈಯಿಂದ ಕಿತ್ತುಕೊಂಡು ನೀರಿಗೆ ಬಿಟ್ಟಳು.

ಆಷಾಢ ಮುಗಿದು ಅಕ್ಕ ಗಂಡನ ಮನೆಗೆ ಹೋದಳು. ಬಾಣಂತನಕ್ಕೆ ಕರೆತರುವ ಮೊದಲೇ, ದಿನ ತುಂಬದ ಹೆರಿಗೆಯಲ್ಲಿ ತೀರಿಹೋದಳು. ಒಂದು ಫೋಟೊ ಕೂಡ ಇರಲಿಲ್ಲ. ಆ ಕೆಸರು ತುಳಿದುಕೊಂಡು ನಮ್ಮೂರಿಗೆ ಯಾವ ಫೋಟೊದವನು ಬರಬೇಕು?

ಮುಂದೆ ಯಾರ್‍ಯಾರದೋ ಮುಖ ಬರೆದೆ, ಹೊಗಳಿಸಿಕೊಂಡೆ. ಅಕ್ಕನದು ಮಾತ್ರ ಬರಲೊಲ್ಲದು. ಸಿಟ್ಟಿಗೆ ಹಾಳೆ ಹರಿದು ಒಲೆಗೆ ಹಾಕಿದ್ದೇನೆ. ಸುಳ್ಳೇಕೆ ಹೇಳಲಿ, ಅತ್ತೂ ಇದ್ದೇನೆ.

ಈಗ ಅವ್ವನ ಕಣ್ಣು ಮಂಜಾಗುತ್ತಿವೆ. "ಪೂರಾ ಹೋಗೂದ್ರಾಗ ಆಕಿ ಮಾರಿ ಒಮ್ಮೆ ತೋರಸವ್ವಾ" ಎಂದಳು ಹೋದ ತಿಂಗಳು. ಎದುರು ಬದುರು ಕುಳಿತೆವು. ಹುಬ್ಬು ಹೀಗೆ, ತುಟಿ ಹೀಗೆ ಎಂದು ಅವಳು ಹೇಳುತ್ತ ಹೋದಳು, ನಾನು ಪೆನ್ಸಿಲ್ ಆಡಿಸುತ್ತ ಹೋದೆ. ಹೊತ್ತು ಇಳಿಯುವಷ್ಟರಲ್ಲಿ ಅಕ್ಕ ಬಂದೇಬಿಟ್ಟಳು!

ಅವ್ವ ಹಾಳೆಯನ್ನು ಬಾಗಿಲ ಬೆಳಕಿಗೆ ಒಯ್ದು, ಮೂಗಿಗೆ ತಾಗುವಷ್ಟು ಹತ್ತಿರ ಹಿಡಿದು ನೋಡಿದಳು. ಈಗ ನಗುತ್ತಾಳೆ, ಈಗ ನಗುತ್ತಾಳೆ ಎಂದು ನಾನು ಕಾದೆ. ಅವಳು ಹೊಸ್ತಿಲ ಮೇಲೆ ಕುಸಿದು ಕುಳಿತಳು.

"ಅಯ್ಯ ನನ್ನವ್ವಾ... ಇಷ್ಟ ಸಣ್ಣಾಕಿ ಇದ್ಲನ? ಇಷ್ಟ ಸಣ್ಣ ಕೂಸಿನ್ನ ನಾ ಗಂಡನ ಮನಿಗೆ ಕಳಿಸಿದ್ನೇನ?"