ಎತ್ತಿಟ್ಟ ಕಲ್ಲು

ಹಳಿಯಾಳದ ನಮ್ಮ ಬಾಡಿಗೆ ಮನೆಯಲ್ಲಿ ಮುಂದಿನ ಕೋಣೆಯೇ ನಮ್ಮವರ ಕಚೇರಿ. ಧಾರವಾಡದಿಂದ ಲಾರಿಯಲ್ಲಿ ಹೇರಿಸಿ ತಂದ ಊಟದ ಮೇಜಿನ ಮೇಲೆ ನಾವು ಒಂದು ದಿನವೂ ಊಟ ಮಾಡಲಿಲ್ಲ. ಅದರ ಮೇಲೆ ವಿಮಾನದಿಂದ ತೆಗೆದ ಫೋಟೋಗಳಿದ್ದವು. ನಾವಿಬ್ಬರೂ ಅಡುಗೆಮನೆಯಲ್ಲಿ ಮಣೆ ಹಾಕಿಕೊಂಡು ಉಣ್ಣುತ್ತಿದ್ದೆವು.

ಫೋಟೋಗಳು ಮಕ್ಕಳ ಪಾಟಿಯಷ್ಟು ಅಗಲ, ಎಲ್ಲ ಬೂದಿ ಬಣ್ಣ. ಕಾಡು ಹುರಿದ ರವೆಯಂತೆ ಕಾಳುಕಾಳಾಗಿ ಕಾಣುತ್ತಿತ್ತು. ಚಕ್ಕಡಿ ದಾರಿ ಬಿಳಿ ದಾರದ ಎಳೆ. ದಾಂಡೇಲಿಯ ಫೋಟೋದಲ್ಲಿ ಕಾಗದದ ಕಾರ್ಖಾನೆಯ ಹೊಗೆ ಒಂದು ಕಡೆಗೆ ಒರೆಸಿದ ಸುಣ್ಣದ ಹಾಗಿತ್ತು. ನಾನು ಮೊದಲ ಸಲ ನೋಡಿದಾಗ ಫೋಟೋ ಕೆಟ್ಟಿದೆ ಎಂದುಕೊಂಡು ಸೆರಗಿನಿಂದ ಒರೆಸಲು ಹೋಗಿದ್ದೆ.

ಆಗ ಜಿಲ್ಲೆ ಮುಂಬಯಿ ಪ್ರಾಂತ ಬಿಟ್ಟು ಮೈಸೂರಿಗೆ ಸೇರಿ ಹೆಚ್ಚು ವರ್ಷಗಳಾಗಿರಲಿಲ್ಲ. ಹಳೆಯ ನಕ್ಷೆಗಳು ಬಟ್ಟೆಗೆ ಅಂಟಿಸಿದವು. ಊರಿನ ಹೆಸರುಗಳು ಮರಾಠಿಯ ಬಾಯಿಯಲ್ಲಿ ಹೊಕ್ಕು ಹೊರಬಿದ್ದಂತೆ ಇರುತ್ತಿದ್ದವು. ನಾವು ಹುಟ್ಟುವ ಮೊದಲು ಯಾರೋ ಸರಪಳಿ ಹಿಡಿದು ಅಳೆದು ಬರೆದದ್ದು. ಅದರಲ್ಲಿ ಅಕ್ಷಾಂಶ ರೇಖಾಂಶಗಳ ಗೆರೆಗಳಿದ್ದವು. ಫೋಟೋದಲ್ಲಿ ಏನೂ ಇರುತ್ತಿರಲಿಲ್ಲ. "ಫೋಟೋಕ್ಕ ಎಲ್ಲಾ ಕಾಣಸ್ತದ, ತಾ ಎಲ್ಲಿದ್ದೇನಿ ಅನ್ನೂದು ಮಾತ್ರ ಗೊತ್ತಿಲ್ಲ" ಎಂದು ನಮ್ಮವರು ಹೇಳುತ್ತಿದ್ದರು. ಹಳೆಯ ನಕ್ಷೆಯನ್ನು ಆ ಫೋಟೋಗಳ ಮೇಲೆ ಸರಿಯಾಗಿ ಕೂಡಿಸುವುದು ಅವರ ಕೆಲಸ. ಎರಡರಲ್ಲೂ ಇರುವ ಜಾಗ ಹುಡುಕಬೇಕು. ಗುಡಿ, ಕೆರೆಯ ಏರಿ, ದಾರಿ ಕೂಡುವ ಜಾಗ, ಸರ್ವೆಯವರು ನೆಟ್ಟ ಕಲ್ಲು. ಆ ಜಾಗಕ್ಕೆ ಹೋಗಿ ಕಣ್ಣಾರೆ ನೋಡಿ, ಫೋಟೋದಲ್ಲಿ ಅದೇ ಚುಕ್ಕೆಯ ಮೇಲೆ ಸೂಜಿ ಚುಚ್ಚಬೇಕು. ಆಮೇಲೆ ನಕ್ಷೆಯ ಪ್ರತಿಯನ್ನು ತೆಳು ಕಾಗದದ ಮೇಲೆ ತೆಗೆದು, ಸೂಜಿಯ ತೂತುಗಳ ಮೇಲೆ ಹಾಸಿ ಕೂಡಿಸಬೇಕು.

ನನಗೆ ಇದು ಹೊಸದೆನಿಸಲಿಲ್ಲ. ಕಾನ್ವೆಂಟಿನಲ್ಲಿ ಸಿಸ್ಟರು ಕಸೂತಿ ಕಲಿಸುವಾಗ ಚಿತ್ರದ ಕಾಗದವನ್ನು ಬಟ್ಟೆಯ ಮೇಲಿಟ್ಟು ಮೊದಲು ನಾಲ್ಕು ಮೂಲೆಗೆ ಟಾಚಣಿ ಚುಚ್ಚಿಸುತ್ತಿದ್ದರು. ಒಂದು ಟಾಚಣಿ ತಪ್ಪಿದರೆ ಹೂವೆಲ್ಲ ಓರೆ. ನನ್ನ ಕೈ ಅಲುಗುವುದಿಲ್ಲ ಎಂದು ತಿಳಿದ ಮೇಲೆ ನಮ್ಮವರು ಗೆರೆಗಳಿಗೆ ಮಸಿ ಹಾಕುವ ಕೆಲಸವನ್ನು ನನಗೆ ಕೊಟ್ಟರು. ಮುಂಡಗೋಡ ಕಡೆಯ ಹಾಳೆಗಳು ಬೇಗ ಮುಗಿದವು. ಮಳಗಿಯ ಸುತ್ತ ಕೆರೆ, ಏರಿ, ದಾರಿ ಎಲ್ಲ ನಿಚ್ಚಳವಾಗಿದ್ದವು. ಜೋಯಿಡಾ ಕಡೆಯವು ತ್ರಾಸು ಕೊಟ್ಟವು. ಕುಂಬಾರವಾಡದ ಸುತ್ತ ಬರೀ ಮರದ ತಲೆಗಳು, ಅವುಗಳ ಮೇಲೆ ಮೋಡದ ನೆರಳು.

ಸಾಂಬ್ರಾಣಿಯ ಆಚೆಯ ಒಂದು ಹಳ್ಳಿಯಿಂದ ಸಂತೆಯ ದಿನ ಒಬ್ಬಾಕೆ ನಮ್ಮ ಮನೆಗೆ ಬೆಣ್ಣೆ ತರುತ್ತಿದ್ದಳು. ನನ್ನ ತಾಯಿಯ ವಯಸ್ಸು. ಹಣೆಯ ಮೇಲೆ ವಿಭೂತಿ, ಕೊರಳಲ್ಲಿ ಲಿಂಗದ ಕರಡಿಗೆ, ಮೊಣಕೈವರೆಗೆ ಹಸಿರು ಬಳೆ. ಮುಂದಿನ ಕೋಣೆಯ ಬಾಗಿಲಲ್ಲಿ ನಿಂತು ಮೇಜಿನ ಕಡೆ ನೋಡದೆ ಆಕೆ ಒಳಗೆ ಬಂದವಳೇ ಅಲ್ಲ. ಗುಡ್ಡದ ಬುಡದಲ್ಲಿ ಆಕೆಯ ಮನೆಯವರದು ಎರಡು ಪಟ್ಟಿ ಭತ್ತದ ಗದ್ದೆ ಇತ್ತು. ಅದು ಕಾಡಿನ ಗಡಿಯ ಒಳಗೆ ಬರುತ್ತದೆ ಎಂದು ಫಾರೆಸ್ಟ್ ಗಾರ್ಡು ಹೇಳುತ್ತಿದ್ದ. ಹೊರಗೆ ಎಂದು ಇವರು. ಹಳೆಯ ನಕ್ಷೆಯ ಗಡಿ ಹೊಸ ಹಾಳೆಯಲ್ಲಿ ಎಲ್ಲಿ ಬೀಳುತ್ತದೋ ಅದರ ಪ್ರಕಾರ ಎಂದು ಮೇಲಿನವರು ಹೇಳಿದ್ದರು. ಉಳಿಯುವುದೂ ಹೋಗುವುದೂ ನಮ್ಮ ಮೇಜಿನ ಮೇಲೆ.

"ನಿಮ್ಮ ಯಜಮಾನ್ರ ಕಾಗದದಾಗ ನಮ್ಮ ಗದ್ದಿ ಎಲ್ಲಿ ಬರ್ತೈತ್ರಿ ಅಕ್ಕಾರ?" ಎಂದು ಪ್ರತಿ ಸಂತೆಗೂ ಕೇಳುವಳು.

"ಇನ್ನೂ ಕೂಡಿಸ್ಲಿಕ್ಕೆ ಹತ್ತ್ಯಾರವ್ವಾ."

"ಕೂಡಿಸೂದಂದ್ರ? ಲಗ್ನಕ್ಕ ಜಾತಕಾ ಕೂಡಿಸಿಧಂಗ ಏನ್ರಿ?"

"ಹೂಂ, ಹಂಗs ಅನ್ರಿ."

"ಹಂಗಾರ ನಮ್ಮ ಗದ್ದಿಗೆ ಚಲೋ ಮನಿ ನೋಡ್ರಿ. ಫಾರೆಸ್ಟ್ ಮಂದೀ ಮನಿಗೆ ಕೊಡಬ್ಯಾಡ್ರಿ. ಅವರು ಹೊಟ್ಟೀಗೆ ಹಾಕಂಗಿಲ್ಲ" ಎಂದು ನಗುವಳು.

ಮಳೆಗಾಲ ಮುಗಿಯುವ ಹೊತ್ತಿಗೆ ಆ ಹಾಳೆ ಕೂತಿತು. ಒಂದು ತುದಿಗೆ ಕೆರೆಯ ಏರಿ, ಇನ್ನೊಂದು ತುದಿಗೆ ಆಕೆಯ ಹೊಲದ ಮೇಲಿನ ಸರ್ವೆ ಕಲ್ಲು, ಎರಡೂ ತೂತಿಗೆ ಸರಿಯಾಗಿ ಬಂದವು. ಕಾಡಿನ ಗಡಿ ಗದ್ದೆಯ ಮೇಲುಗಡೆಯಿಂದ ಹಾದುಹೋಯಿತು. ಗದ್ದೆ ಹೊರಗೆ ಉಳಿಯಿತು ಎಂದು ನಮ್ಮವರು ಹೇಳಿದ್ದನ್ನೇ ನಾನು ಆಕೆಗೆ ಹೇಳಿದೆ. ಆಕೆ ಬುಟ್ಟಿ ಕೆಳಗಿಟ್ಟು, ಅಳೆದ ಬೆಣ್ಣೆಯ ಮೇಲೆ ಇನ್ನೊಂದು ಉಂಡೆ ಇಟ್ಟಳು. ಬೇಡ ಎಂದರೆ, "ಇದು ಗದ್ದಿ ಸಲುವಾಗಿ ಅಲ್ಲ ತಗೋರಿ, ನಿಮ್ಮ ಮೈಯಾಗ ರಗತಾ ಇಲ್ಲ" ಎಂದಳು.

ಆ ಬೇಸಿಗೆಯಲ್ಲಿ ಧಾರವಾಡದ ಆಸ್ಪತ್ರೆಯಲ್ಲಿ ನನಗೆ ಗಂಡು ಮಗು ಹುಟ್ಟಿತ್ತು. ಅದು ಅಳಲೇ ಇಲ್ಲ. ಅದರ ಉಗುರುಗಳೆಲ್ಲ ಸರಿಯಾಗಿದ್ದವು, ಅಷ್ಟು ನೋಡಿದೆ. ನಾನೂ ಅಳಲಿಲ್ಲವೆಂದು ಜನ ಗಟ್ಟಿಗಿತ್ತಿ ಅಂದರು. ಗಟ್ಟಿತನವೇನಲ್ಲ. ಬಹಳ ಹೊತ್ತು ಕೂತ ಕಾಲಿಗೆ ಜೋಮು ಹಿಡಿಯುತ್ತದಲ್ಲ, ಚಿವುಟಿದರೂ ತಿಳಿಯುವುದಿಲ್ಲ, ಹಾಗಿದ್ದೆ. ಹಳಿಯಾಳಕ್ಕೆ ಮರಳಿ ಬಂದು ರೊಟ್ಟಿ ಬಡಿದೆ, ಗೆರೆಗಳಿಗೆ ಮಸಿ ಹಾಕಿದೆ. ಕೈ ಮೊದಲಿಗಿಂತಲೂ ಅಲುಗದಂತಾಗಿತ್ತು.

ಬೆಣ್ಣೆಯಾಕೆಗೆ ಇದೆಲ್ಲ ಗೊತ್ತಿತ್ತು. ಕಾರ್ತೀಕ ಬಂದಾಗ ಹೇಳಿದಳು, "ನಮ್ಮ ಹೊಲದ ಮ್ಯಾಲ ಈಶ್ವರಪ್ಪ ಅದಾನ್ರಿ. ಅವಗೊಂದು ಕಾಯಿ ಒಡಸ್ರಿ. ನನಗ ಲಗ್ನಾಗಿ ಆರು ವರ್ಷ ಕೂಸಿರಲಿಲ್ಲ. ಅವನs ಕೊಟ್ಟಾನ. ಸೋಮವಾರ ನಮ್ಮ ಚಕ್ಕಡಿ ಬರ್ತೈತಿ, ಹೋಗೂಣು ಬರ್ರಿ."

ಹೋಗದಿರಲು ಕಾರಣ ಹುಡುಕುವಷ್ಟು ಮನಸ್ಸೂ ನನಗಿರಲಿಲ್ಲ. ಹೋದೆ.

ಗದ್ದೆ ತೆನೆ ಬಿಟ್ಟು ಬಾಗಿತ್ತು. ಬದುವಿನ ಮೇಲೆ ಆಕೆ ಮುಂದೆ, ನಾನು ಹಿಂದೆ. ಗದ್ದೆ ದಾಟಿ ಎರಡು ಗದ್ದೆಯಷ್ಟು ದೂರ ಗುಡ್ಡ ಹತ್ತಿದರೆ ಒಂದು ಮತ್ತಿಯ ಮರ. ಅದರ ಬುಡದಲ್ಲಿ ಮಣ್ಣಿನ ಕಟ್ಟೆ, ಕಟ್ಟೆಯ ಮೇಲೆ ಮೊಣಕಾಲೆತ್ತರದ ಕಲ್ಲು. ಆಕೆ ಕೊಡದ ನೀರು ಸುರಿದು ಅಂಗೈಯಿಂದ ತಿಕ್ಕಿದಳು. ಹಳೆಯ ವಿಭೂತಿ ಇಳಿದುಹೋಯಿತು. ಕಲ್ಲಿನ ಮೋರೆಯ ಮೇಲೆ ಒಂದೇ ತುದಿಗೆ ಬಂದು ಕೂಡುವ ಮೂರು ಗೆರೆಗಳನ್ನು ಕೆತ್ತಿದ್ದರು.

"ತ್ರಿಶೂಲ ನೋಡ್ರಿ" ಎಂದಳು.

ನಮ್ಮವರ ನಕ್ಷೆಗಳ ಅಂಚಿನಲ್ಲಿ ಅದೇ ಗುರುತು ಇರುತ್ತಿತ್ತು. ಸರ್ವೆ ಕಲ್ಲಿನ ಬಾಣದ ಗುರುತು. ನಾನೇ ಎಷ್ಟೋ ಸಲ ಅದಕ್ಕೆ ಮಸಿ ಹಾಕಿದ್ದೆ. ಕಲ್ಲಿನ ನೆತ್ತಿಯ ಮೇಲೆ ಸರ್ವೆಯವರು ಕೊರೆದ ಸಣ್ಣ ಕುಳಿ, ಅದರ ತುಂಬ ಕುಂಕುಮ.

ಆಕೆ ಊದಿನಕಡ್ಡಿ ಹಚ್ಚುತ್ತ ಹೇಳುತ್ತಲೇ ಇದ್ದಳು. "ಮೊದಲ ಕೆಳಗ ಇದ್ದ, ದನಾ ಹೋಗೂ ದಾರ್ಯಾಗ. ಸೆಗಣಿ ಬೀಳ್ತಿತ್ತು, ಮಂದಿ ಚಪ್ಪಲಿ ಮೆಟ್ಟಿ ದಾಟ್ತಿದ್ರು. ದೇವರು ಹಂಗ ಇರಬಾರದಂತ ನಮ್ಮ ಮಾವ ಒಂದು ಸೋಮವಾರ ಉಪಾಸ ಇದ್ದು, ಹೆಗಲ ಮ್ಯಾಲ ಹೊತ್ತು ತಂದು ಇಲ್ಲಿ ಕುಂಡರಿಸ್ಯಾನ. ಒಬ್ಬನs. ನಡುವ ಎಲ್ಲೂ ಇಳಿಸಿಲ್ಲಂತ."

"ನಮ್ಮವರು ಬಂದಾಗ ಇದನ್ನ ಹೇಳಿದ್ರೇನು?"

"ಯಾರ ಕೇಳಿದ್ರು? ಕಲ್ಲು ಎಲ್ಲೈತಿ ಅಂದ್ರು, ಇಲ್ಲೈತಿ ಅಂದ್ವಿ. ಸುಣ್ಣಾ ಹಚ್ಚಿ ಹ್ವಾದ್ರು. ದೇವರಿಗೆ ಸುಣ್ಣಾ ಹಚ್ಚ್ಯಾರ, ಪುಣ್ಯಾ ಬರವಲ್ದ್ಯಾಕ ಅಂತ ಸುಮ್ಮನಾದ್ವಿ."

ಕಾಯಿ ಒಡೆದೆ. ಸರಿಯಾಗಿ ಎರಡು ಹೋಳಾಯಿತು. ಆಕೆ ನನ್ನ ಬೆನ್ನು ಸವರಿದಳು. ಚಕ್ಕಡಿಯಲ್ಲಿ ಮರಳುವಾಗ ನನಗೆ ಎಲ್ಲ ತಿಳಿದಿತ್ತು. ಕಲ್ಲು ಗುಡ್ಡದ ಕಡೆಗೆ ಸರಿದಿದೆ. ಆ ಕಲ್ಲಿಗೆ ಕೂಡಿಸಿದ ನಕ್ಷೆಯೂ ಅದರ ಹಿಂದೆ ಗುಡ್ಡದ ಕಡೆಗೆ ಸರಿದಿದೆ, ನಕ್ಷೆಯೊಡನೆ ಕಾಡಿನ ಗಡಿಯೂ. ಕಲ್ಲನ್ನು ಅದರ ಜಾಗಕ್ಕೆ ಇಳಿಸಿದರೆ ಗಡಿ ಗದ್ದೆಯ ಕೆಳಗೆ ಇಳಿಯುತ್ತದೆ. ತಿಳಿದಿತ್ತು, ಅಷ್ಟೇ. ಪ್ರಸಾದದ ಹೋಳನ್ನು ಸೆರಗಿನಲ್ಲಿ ಕಟ್ಟಿಕೊಂಡು ಮನೆಗೆ ಬಂದು ಚಟ್ನಿ ಅರೆದೆ.

ಅದೇ ವಾರ ನಮ್ಮವರು ಪಕ್ಕದ ಹಾಳೆಯನ್ನು ತಂದು ಇದರ ಅಂಚಿಗೆ ಜೋಡಿಸಿದರು. ಹಳ್ಳ ಕೂಡಲಿಲ್ಲ. ಆ ಹಾಳೆಯಲ್ಲಿ ಒಂದು ಕಡೆ, ಈ ಹಾಳೆಯಲ್ಲಿ ಒಂದು ಬೆರಳಗಲ ಆಚೆ. ದಾರಿಯೂ ಹಾಗೆಯೇ ಮುರಿದು ನಿಂತಿತು. ಅವರು ಎಲ್ಲವನ್ನೂ ಬಿಚ್ಚಿ ಮತ್ತೆ ಕೂಡಿಸಿದರು. ಗುಡ್ಡ ತಗ್ಗುಗಳನ್ನು ಎತ್ತಿ ತೋರಿಸುವ ಎರಡು ಗಾಜಿನ ಕಣ್ಣಿನ ಸ್ಟ್ಯಾಂಡನ್ನು ಫೋಟೋಗಳ ಮೇಲಿಟ್ಟು ಬಗ್ಗಿ ಬಗ್ಗಿ ನೋಡಿದರು. ಹೊಸ ತಪ್ಪೇನೂ ಸಿಗಲಿಲ್ಲ. ನಾಲ್ಕು ದಿನ ಹೀಗೆ ಆಯಿತು. ಅವರ ಕಣ್ಣಿನ ಸುತ್ತ ಗಾಜಿನ ಚೌಕಟ್ಟಿನ ಗುರುತು ಕೆಂಪಗೆ ಮೂಡಿತ್ತು.

ಐದನೆಯ ದಿನ ಮಧ್ಯಾಹ್ನ ಊಟಕ್ಕೆ ಕೂತವರು ತಟ್ಟೆಯ ಕಡೆ ನೋಡುತ್ತ, "ನನ್ನ ಕಣ್ಣs ಹೋಗ್ಯಾವ ಕಾಣಸ್ತದ" ಎಂದರು.

ನಾನು ಪಲ್ಯ ಬಡಿಸುತ್ತಿದ್ದೆ. "ಆ ಕಲ್ಲು ಅಲ್ಲಿದಲ್ರಿ" ಎಂದೆ.

ರೊಟ್ಟಿ ಮುರಿಯುತ್ತಿದ್ದ ಕೈ ನಿಂತಿತು. "ಯಾವ ಕಲ್ಲು?"

"ಸಾಂಬ್ರಾಣಿ ಆಚೀದು. ಬೆಣ್ಣಿಯಾಕಿ ಮಾವ ಕೆಳಗಿನ ದಾರಿಂದ ಎತ್ತಿ ತಂದು ಮ್ಯಾಲ ಇಟ್ಟಾನಂತ. ಅವರಿಗೆ ಅದು ದೇವರು."

"ನಿನಗ ಯಾರು ಹೇಳಿದ್ರು?"

"ಆಕೀನs."

"ಯಾವಾಗ?"

"ಹೋದ ಸೋಮವಾರ."

ಅವರು ನನ್ನ ಮುಖ ನೋಡಿದರು. ಇಷ್ಟು ದಿನ ಯಾಕೆ ಹೇಳಲಿಲ್ಲ ಎಂದು ಕೇಳಲಿಲ್ಲ. ಈಗ ಯಾಕೆ ಹೇಳಿದೆ ಎಂದೂ ಕೇಳಲಿಲ್ಲ. ಸತ್ಯ ಹೇಳಬೇಕೆಂದು ಹೇಳಿದ್ದಲ್ಲ. ಅವರ ಕಣ್ಣಿನ ಮೇಲೆ ಮರುಕ ಬಂದು ಹೇಳಿದೆನೆಂದು ಆಮೇಲೆ ಬಹಳ ವರ್ಷ ನನಗೆ ನಾನೇ ಹೇಳಿಕೊಂಡೆ. ಆದರೆ ಆ ಗಳಿಗೆಯಲ್ಲಿ ಮರುಕವೂ ಇರಲಿಲ್ಲ. ಪಲ್ಯಕ್ಕೆ ಉಪ್ಪು ಕಡಿಮೆಯಾಗಿದೆ ಎನ್ನುವಂತೆ ಅಂದುಬಿಟ್ಟೆ. ಗದ್ದೆ ಹೋಗುತ್ತದೆ ಎಂದು ಗೊತ್ತಿದ್ದೂ ಅಂದೆ.

ಮರುದಿನ ಅವರು ಹೋಗಿ ನೋಡಿ ಬಂದರು. ದನದ ದಾರಿಯ ಮಗ್ಗುಲಲ್ಲಿ ಮಣ್ಣಿನ ಕೆಳಗೆ ಕಲ್ಲು ನೆಟ್ಟಿದ್ದ ಕುಣಿ, ಅದರ ಸುತ್ತ ಒತ್ತಿದ್ದ ಚಿಪ್ಪುಗಲ್ಲುಗಳು ಹಾಗೆಯೇ ಇದ್ದವಂತೆ. ಫೋಟೋದಲ್ಲಿ ಆ ಕುಣಿಯ ಜಾಗಕ್ಕೆ ಸೂಜಿ ಚುಚ್ಚಿದರು. ತೆಳು ಕಾಗದವನ್ನು ಮೆಲ್ಲಗೆ ಸರಿಸಿದರು. ಹಳ್ಳ ಹಳ್ಳಕ್ಕೆ ಕೂಡಿತು, ದಾರಿ ದಾರಿಗೆ.

"ಕೂತ್ತು" ಎಂದರು.

"ಆಕಿ ಗದ್ದಿ?"

"ಒಳಗ ಹೋತು."

"ಎಷ್ಟು?"

"ಪೂರಾ."

ಅವರು ಸಂತೋಷವಾಗಿಯೂ ಇರಲಿಲ್ಲ, ಬೇಜಾರಿನಲ್ಲಿಯೂ ಇರಲಿಲ್ಲ. ಲೆಕ್ಕಣಿಕೆ ತೆಗೆದು ಮೇಲಿನವರಿಗೆ ಒಂದು ಕಾಗದ ಬರೆದರು. ನಿಂತ ಬೆಳೆಯನ್ನು ಕೊಯ್ದುಕೊಳ್ಳಲು ಬಿಡಬೇಕೆಂದು. ಅಷ್ಟಕ್ಕೆ ಒಪ್ಪಿಗೆ ಬಂತು.

ಮುಂದಿನ ಸಂತೆಗೆ ಆಕೆ ಬಂದಳು. ಮುಂದಿನ ಕೋಣೆಯ ಬಾಗಿಲಲ್ಲಿ ನಿಲ್ಲದೆ ನೇರ ಅಡುಗೆಮನೆಗೆ ಬಂದು ಕೂತಳು.

"ಗಾರ್ಡ ಬಂದಿದ್ದ. ಈ ಸುಗ್ಗಿ ನಿಮ್ಮದು, ಬರೂ ವರ್ಷ ನೇಗಿಲಾ ಹೂಡಬ್ಯಾಡ್ರಿ ಅಂದ" ಎಂದಳು. ಬೆಣ್ಣೆಯನ್ನು ಎಲೆಯ ಮೇಲೆ ತೆಗೆಯುತ್ತಿದ್ದಳು. "ನಮ್ಮ ಮಾವಂದು ತಪ್ಪಾತು ಅಂತಾರ್ರಿ ಮನ್ಯಾಗ. ದೇವರನ್ನ ಕುಂತಲ್ಲಿಂದ ಎಬ್ಬಿಸಬಾರದಿತ್ತಂತ. ಸತ್ತವಗ ಬೈಲಿಕ್ಕೆ ಹತ್ತ್ಯಾರ."

"ನಾನs ಹೇಳಿದೆನವ್ವಾ ನಮ್ಮವರಿಗೆ. ಕಲ್ಲಿನ ಸಂಗತಿ."

ಆಕೆಯ ಬೆರಳುಗಳು ಬೆಣ್ಣೆಯಲ್ಲೇ ಇದ್ದವು. "ಅವರು ಕೇಳಿದ್ರೇನು?"

"ಇಲ್ಲ. ಕೇಳಿರಲಿಲ್ಲ."

ಆಕೆ ಬೆರಳುಗಳನ್ನು ಗಡಿಗೆಯ ಅಂಚಿಗೆ ಒರೆಸಿ, ಅದರ ಬಾಯಿಗೆ ಬಟ್ಟೆ ಕಟ್ಟಿದಳು. ಬಟ್ಟೆಯ ಗಂಟು ಎರಡು ಸಲ ಜಾರಿತು. "ಮುಚ್ಚಿ ಇಡ್ರಿ, ನೊಣಾ ಕೂಡ್ತಾವು" ಎಂದು ಎಲೆಯನ್ನು ನನ್ನ ಕಡೆ ಸರಿಸಿ ಎದ್ದು ಹೋದಳು. ಅದರ ಮುಂದಿನ ಸಂತೆಗೆ ಬೆಣ್ಣೆ ತಂದಾಕೆ ಬೇರೆ. ಅದೇ ಹಳ್ಳಿಯವಳೇ. ಆಕೆ ಹೇಗಿದ್ದಾಳೆ ಎಂದು ಕೇಳಿದೆ. "ಅದಾಳ್ರಿ" ಎಂದಳು.

ಆ ವಾರವೇ ಹಾಳೆಯ ಶುದ್ಧ ಪ್ರತಿ ಮಾಡುವುದಿತ್ತು. ಗಡಿಯ ಗೆರೆಗೆ ಮಸಿ ಹಾಕಿದೆ. ಒಣಗಿದ ಮೇಲೆ ಕಾಡಿನ ಭಾಗಕ್ಕೆ ನೀರಾದ ಹಸಿರು ಬಣ್ಣ ಹಚ್ಚಬೇಕು. ಕುಂಚ ಎತ್ತಬಾರದು, ಎತ್ತಿದರೆ ಕಲೆ ನಿಲ್ಲುತ್ತದೆ. ಗುಡ್ಡದಿಂದ ಶುರುಮಾಡಿ ಕೆಳಗೆ ಎಳೆಯುತ್ತ ಬಂದೆ. ಎರಡು ಪಟ್ಟಿ ಗದ್ದೆಯ ಮೇಲೂ ಬಣ್ಣ ಒಂದೇ ಸಮನಾಗಿ ಹರಡಿತು, ಗೆರೆಗೆ ಬಂದು ನಿಂತಿತು. ನಮ್ಮವರು ನೋಡಿ ಚೆನ್ನಾಗಿ ಬಂದಿದೆ ಎಂದರು. ಆ ಹೊತ್ತಿಗೆ ಗದ್ದೆಯಲ್ಲಿ ಭತ್ತ ಇನ್ನೂ ನಿಂತಿತ್ತು. ಆಕೆಯ ಮನೆಯವರು ಕುಡುಗೋಲು ಹಾಕಿದ್ದು ಅದಾಗಿ ಒಂಬತ್ತು ದಿನಕ್ಕೆ ಎಂದು ಬೆಣ್ಣೆ ತರುವ ಹೊಸ ಹೆಂಗಸು ಹೇಳಿದಳು.