ತಪ್ಪು ಚಿತ್ರದ ಮಾಮ

ಮಕ್ಕಳು ಮುನಿಸಿಕೊಂಡರೆ ಎಲ್ಲಿಗೆ ಹೋಗಿ ಕೂರುತ್ತವೆ? ಈ ಒಂದು ಪ್ರಶ್ನೆಯನ್ನು ಕಂಕುಳಲ್ಲಿಟ್ಟುಕೊಂಡು ಒಬ್ಬ ಮನುಷ್ಯ ಅರ್ಧ ಆಯುಸ್ಸು ಓಡಾಡಿದ ಎಂದರೆ ಯಾರೂ ನಂಬುವುದಿಲ್ಲ. ನಂಬದವರು ರೈಲು ನಿಲ್ದಾಣದ ಹಿಂದಿನ ಬೀದಿಗೆ ಹೋಗಿ ಅಲ್ಲಿಯ ಲಾಡ್ಜಿನ ಮ್ಯಾನೇಜರನ್ನು ಕೇಳಬೇಕು. ಅವನು ಮೊದಲು ಹಣೆ ಚಚ್ಚಿಕೊಳ್ಳುತ್ತಾನೆ, ಆಮೇಲೆ ನಗುತ್ತಾನೆ. ಆ ಮನುಷ್ಯನಿಗೆ ‘ತಪ್ಪು ಚಿತ್ರದ ಮಾಮ’ ಎಂದು ಹೆಸರಿಟ್ಟವನೇ ಅವನು.

ಮಾಮನ ಕಸುಬು ಮಕ್ಕಳ ಪುಸ್ತಕಕ್ಕೆ ಚಿತ್ರ ಬರೆಯುವುದು. ಬೀದಿಯ ತುದಿಯ ಪ್ರೆಸ್ಸಿನವರು ಒಂದು ಮಾಲೆ ತರುತ್ತಿದ್ದರು. ಒಂದೊಂದು ಪುಸ್ತಕಕ್ಕೆ ಒಂದೊಂದು ದೇಶ; ಆ ದೇಶದ ಒಂದು ಮಗುವಿನ ಒಂದು ದಿನ. ಏಳುವುದು, ಹಲ್ಲುಜ್ಜುವುದು, ಆಡುವುದು, ಬೈಸಿಕೊಳ್ಳುವುದು, ಕೊನೆಗೆ ಮುನಿಸಿಕೊಂಡು ಕೂರುವುದು. ಕೆಳಗೆ ನಾಲ್ಕು ಸಾಲು ಬರಹ, ಮೇಲೆ ಮಾಮನ ಚಿತ್ರ. ತಮಾಷೆಯೆಂದರೆ ಮಾಮ ಊರಿನ ಗಡಿ ದಾಟಿದವನೇ ಅಲ್ಲ. ಬಸ್ಸು ಹತ್ತಿದರೆ ಸಾಕು, ಹೊಟ್ಟೆ ತೊಳಸುತ್ತಿತ್ತು. ಅವನು ಜಗತ್ತು ನೋಡಬೇಕಾದರೆ ಜಗತ್ತೇ ಅವನ ಬಳಿ ಬರಬೇಕಿತ್ತು. ಬರುತ್ತಲೂ ಇತ್ತು, ಬಂದು ಆ ಲಾಡ್ಜಿನಲ್ಲಿ ಇಳಿದುಕೊಳ್ಳುತ್ತಿತ್ತು.

ಮೊದಮೊದಲು ಮಾಮ ನೆಟ್ಟಗೆ ಕೇಳಿನೋಡಿದ. “ನಿಮ್ಮ ಕಡೆ ಮಕ್ಕಳು ಹೇಗಿರ್ತಾರೆ?” ಎಂದರೆ, ದೂರದಿಂದ ಬಂದವರು “ಮಕ್ಕಳು ಮಕ್ಕಳ ಹಾಗೇ ಇರ್ತಾರೆ” ಎಂದು ಚಹಾ ಮುಗಿಸಿ ಎದ್ದುಹೋಗುತ್ತಿದ್ದರು. ಒಂದು ದಿನ ಹಡಗಿನ ಅಡುಗೆಯವನೊಬ್ಬ ಸಿಕ್ಕಿದ. ಇವನಿಗೆ ಅವನ ಭಾಷೆ ಬಾರದು, ಅವನಿಗೆ ಇವನದು ಬಾರದು. ಕೈಸನ್ನೆ ಸಾಲದೆ ಮಾಮ ಒಂದು ಚಿತ್ರ ಗೀಚಿ ತೋರಿಸಿದ. ಮುಖ ಊದಿಸಿಕೊಂಡ ಹುಡುಗನೊಬ್ಬ ಮನೆಯ ಮೂಲೆಯಲ್ಲಿ ಕೂತಿದ್ದಾನೆ. ಅಡುಗೆಯವನು ಹೊಟ್ಟೆ ಹಿಡಿದುಕೊಂಡು ನಕ್ಕ. ಪೆನ್ಸಿಲ್ ಕಿತ್ತುಕೊಂಡು ತನ್ನ ದ್ವೀಪದ ಮನೆ ಬರೆದ. ಗುಂಡಗಿನ ಮನೆ. ಅದಕ್ಕೆ ಮೂಲೆಯೇ ಇಲ್ಲ! ಮೂಲೆಯಿಲ್ಲದ ಮನೆಯ ಮಗು ಎಲ್ಲಿ ಹೋಗಿ ಮುನಿಸಿಕೊಳ್ಳಬೇಕು? ದಡದಲ್ಲಿ ಬೋರಲು ಹಾಕಿದ ದೋಣಿಯ ಮೇಲೆ ಹತ್ತಿ, ಊರಿಗೆಲ್ಲ ಬೆನ್ನು ಹಾಕಿ ಕೂರುತ್ತದಂತೆ. ಅಡುಗೆಯವನು ಅದನ್ನೂ ಬರೆದು ತೋರಿಸಿದ, ಬರೆಯುತ್ತಾ ಬರೆಯುತ್ತಾ ಅವನ ಮುಖವೇ ಏಳು ವರ್ಷದ್ದಾಯಿತು.

ಅಂದಿನಿಂದ ಮಾಮ ಬೇಕೆಂದೇ ತಪ್ಪು ಬರೆಯತೊಡಗಿದ. ಪ್ರಶ್ನೆ ಕೇಳಿದರೆ ಬಾಯಿಗೆ ಬೀಗ ಹಾಕಿಕೊಳ್ಳುವ ಜನ, ತಪ್ಪು ಕಂಡರೆ ಓಡಿಬಂದು ತಿದ್ದುತ್ತಾರೆ. ಹಿಮದ ನಾಡಿನ ಹೆಂಗಸಿಗೆ, ಮುನಿಸಿಕೊಂಡು ಅಂಗಳಕ್ಕೆ ಓಡಿದ ಹುಡುಗಿಯನ್ನು ಬರೆದು ತೋರಿಸಿದ. “ಅಯ್ಯೋ, ಸತ್ತೇ ಹೋಗುತ್ತೆ ಮಗು!” ಎಂದು ಅವಳು ಗಾಬರಿಬಿದ್ದು, ದೊಡ್ಡ ಒಲೆಯ ಹಿಂದಿನ ಸಂದಿಯನ್ನೂ, ಗೋಡೆಗೆ ಮುಖ ಮಾಡಿ ಕೂತ ಮಗುವಿನ ಪುಟ್ಟ ಉಣ್ಣೆಯ ಕಾಲುಚೀಲಗಳನ್ನೂ ತಾನೇ ಬರೆದುಕೊಟ್ಟಳು. ಡೇರೆಯಲ್ಲಿ ಬೆಳೆದ ವ್ಯಾಪಾರಿ, ಮಲಗಿದ್ದ ಒಂಟೆಯ ಹೊಟ್ಟೆಗೊರಗಿ ತಾನು ಅಳುತ್ತಿದ್ದೆನೆಂದೂ, ಒಂಟೆ ಮೆಲುಕು ಹಾಕುವ ಸದ್ದಿಗೆ ಸಿಟ್ಟು ಇಳಿಯುತ್ತಿತ್ತೆಂದೂ ಹೇಳಿದ.

ಹೀಗೆ ಮಾಮನಿಗೆ ಎರಡು ನೇಮಗಳಾದವು. ಆ ಕಡೆಯವರೊಬ್ಬರ ಬಾಯಿಂದ ಬಾರದ್ದನ್ನು ಬರೆಯಬಾರದು, ಇದು ಒಂದು. ಇನ್ನೊಂದು, ಬರೆದು ಮುಗಿಸಿದ ಚಿತ್ರವನ್ನು ಅವರಿಗೇ ತೋರಿಸಬೇಕು; ಅವರು “ಚೆನ್ನಾಗಿದೆ” ಎಂದರೆ ಹರಿದು ಹಾಕಬೇಕು. ಪರರ ಚಿತ್ರವನ್ನು ಎಲ್ಲರೂ ಹೊಗಳುತ್ತಾರೆ. ತನ್ನದೇ ಬಾಲ್ಯ ಕಣ್ಣಿಗೆ ಬಿದ್ದವನು ಮಾತ್ರ ಹೊಗಳುವುದಿಲ್ಲ. “ಬಾಗಿಲು ಈ ಕಡೆ ತೆರೀತಿತ್ತು, ಬಕೆಟ್ಟಿಗೆ ಹಿಡಿ ಇರ್ಲಿಲ್ಲ” ಎಂದು ಜಗಳಕ್ಕೆ ನಿಲ್ಲುತ್ತಾನೆ. ಆ ಜಗಳ ಕೇಳಿದ ದಿನ ಮಾಮ ಸೀಟಿ ಹೊಡೆಯುತ್ತಾ ಮನೆಗೆ ಬರುತ್ತಿದ್ದ. ಬಂದವನೇ ಮೇಜಿಗೆ ಕೂತರೆ ಮುಗಿಯಿತು, ಮನೆಯ ಮೇಲೆ ಮನೆ ಬಿದ್ದರೂ ಏಳುವವನಲ್ಲ. “ಲೋಕದ ಮಕ್ಕಳೆಲ್ಲ ಗೊತ್ತು, ಮನೇದೊಂದು ಬಿಟ್ಟು” ಎಂದು ಅವನ ಹೆಂಡತಿ ಬದುಕಿರುವ ತನಕ ಗೊಣಗಿದಳು. ಹೆಂಡತಿಯರ ಗೊಣಗಾಟಕ್ಕೆ ಯಾವ ಗಂಡ ಕಿವಿಗೊಟ್ಟಿದ್ದಾನೆ?

ಮಾಮನಿಗೆ ವಯಸ್ಸಾಯಿತು. ಕುಂಚ ಹಿಡಿದ ಕೈ ಆಗೀಗ ನಡುಗತೊಡಗಿತು. ಆಗ ಪ್ರೆಸ್ಸಿನ ಯಜಮಾನ ಬಂದು, “ಮಾಮ, ಒಂದು ಪುಸ್ತಕ ಬಾಕಿ ಇದೆ. ನಮ್ಮೂರಿಂದು. ಇದೊಂದು ಮುಗಿಸಿಬಿಡಿ, ಮಾಲೆ ಪೂರ್ತಿಯಾಗುತ್ತೆ,” ಎಂದ. ಇದೇ ತನ್ನ ಕೊನೆಯ ಪುಸ್ತಕ ಎಂದು ಮಾಮನಿಗೂ ಗೊತ್ತಿತ್ತು. ಪರದೇಶದ ಪುಸ್ತಕದಲ್ಲಿ ಒಂದು ಗೆರೆ ತಪ್ಪಿದರೆ ಇಲ್ಲಿ ಯಾರಿಗೆ ಗೊತ್ತಾಗಬೇಕು? ಇದು ಹಾಗಲ್ಲ. ಇದೊಂದು ಸರಿಯಾಗಲೇಬೇಕು ಎಂಬುದು ಅವನ ಆಸೆ. ಹಾಗಂತ ಚಿಂತೆಯೇನೂ ಮಾಡಲಿಲ್ಲ. ನಮ್ಮೂರಿನ ಬಾಲ್ಯಕ್ಕೆ ಯಾರನ್ನು ಕೇಳಬೇಕು, ಅಂಗೈ ಹುಣ್ಣಿಗೆ ಕನ್ನಡಿಯೇ? ಲಾಡ್ಜಿನ ಕಡೆ ತಲೆ ಹಾಕದೆ ಚಕಚಕನೆ ಬರೆದು ಮುಗಿಸಿ, ಬೀದಿಯ ಮಕ್ಕಳನ್ನು ಮೆಟ್ಟಿಲ ಮೇಲೆ ಕೂರಿಸಿಕೊಂಡು ಹಾಳೆ ಹರಡಿದ.

ಮಕ್ಕಳು ಒಂದೊಂದೇ ಹಾಳೆ ತಿರುವಿದವು. ಬಾವಿಕಟ್ಟೆ. ಸೈಕಲ್ಲಿನ ಹಳೇ ಚಕ್ರ ಹೊಡೆದುಕೊಂಡು ಓಡುವ ಹುಡುಗರು. ಕಂದೀಲಿನ ಬೆಳಕಲ್ಲಿ ಓದುವ ಹುಡುಗಿ. ಹಲ್ಲು ಬಿದ್ದ ಹುಡುಗಿಯೊಬ್ಬಳು ತಲೆಯೆತ್ತಿ ಕೇಳಿದಳು.

“ತುಂಬಾ ಚೆನ್ನಾಗಿದೆ ಮಾಮ. ಇದು ಯಾವ ದೇಶ?”

ಮಾಮನಿಗೆ ನಿಂತ ನೆಲ ಕುಸಿದಂತಾಯಿತು. ತನ್ನ ಎಪ್ಪತ್ತು ವರ್ಷದ ಹಿಂದಿನ ಬಾಲ್ಯವನ್ನು ಬರೆದು ಈ ಮಕ್ಕಳ ತಲೆಗೆ ಕಟ್ಟಲು ಹೊರಟಿದ್ದ. ಸಾವಿರ ಮೈಲಿ ದೂರದವರ ಮುಂದೆ ಪಾಲಿಸಿದ ನೇಮವನ್ನು ತನ್ನ ಮನೆಬಾಗಿಲಲ್ಲೇ ಮುರಿದಿದ್ದ. ಹಾಳೆಗಳನ್ನು ಅಲ್ಲೇ ಹರಿದು, ಮಕ್ಕಳಿಗೆ ಪೆನ್ಸಿಲ್ ಕೊಟ್ಟು, ಪರದೇಶದವರನ್ನು ಕೇಳುವ ಹಾಗೇ ಕೇಳತೊಡಗಿದ. ಮಕ್ಕಳಿಗೆ ಹೇಳಿಕೊಡಬೇಕೇ? ನೀರಿನ ಟ್ಯಾಂಕಿನ ಹಿಂದೆ, ಮಂಚದ ಅಡಿ, ನಿಂತ ಆಟೋದ ಹಿಂದಿನ ಸೀಟು, ಬಾಗಿಲು ಹಾಕಿಕೊಂಡು ಬಚ್ಚಲುಮನೆ. ಮುನಿಸಿಗೆ ಊರಲ್ಲಿ ಇಷ್ಟೊಂದು ಜಾಗಗಳಿವೆಯೆಂದು ಅವನಿಗೆ ಗೊತ್ತೇ ಇರಲಿಲ್ಲ. ಹಾಳೆ ತುಂಬ ತಿದ್ದುಪಡಿ, ಕಿತ್ತಾಟ. ಮಾಮ ಮತ್ತೆ ಸೀಟಿ ಹೊಡೆಯತೊಡಗಿದ.

ಉಳಿದದ್ದು ಕೊನೆಯ ಚಿತ್ರ, ಮುನಿಸಿನದು. ಅಷ್ಟು ಜಾಗಗಳಲ್ಲಿ ಯಾವುದನ್ನು ಆರಿಸುವುದು ಎಂದು ಕೂತಿದ್ದಾಗ ಪಕ್ಕದ ಕೋಣೆಯಿಂದ ಹೊಲಿಗೆ ಯಂತ್ರದ ಸದ್ದು ಬರುತ್ತಿತ್ತು. ಅವನ ಮಗಳು. ಗಂಡ ಲಾರಿಯ ಮೇಲೆ ಊರೂರು ಸುತ್ತುವವನು; ಅವಳು ತನ್ನ ಪುಟ್ಟ ಹುಡುಗಿಯೊಡನೆ ಇಲ್ಲೇ ಇದ್ದು ಶಾಲೆ ಮಕ್ಕಳ ಸಮವಸ್ತ್ರ ಹೊಲಿಯುತ್ತಿದ್ದಳು. ಈ ಮಗಳು ಚಿಕ್ಕವಳಿದ್ದಾಗ ಎಲ್ಲಿ ಹೋಗಿ ಮುನಿಸಿಕೊಳ್ಳುತ್ತಿದ್ದಳು? ಮಾಮ ಯೋಚಿಸಿದ. ದೋಣಿ ನೆನಪಾಯಿತು, ಒಲೆ ನೆನಪಾಯಿತು, ಒಂಟೆಯೂ ನೆನಪಾಯಿತು. ಮಗಳದು ಮಾತ್ರ ನೆನಪಾಗಲಿಲ್ಲ.

ಅವಳ ಮೇಲೂ ತನ್ನ ಹಳೇ ಉಪಾಯವನ್ನೇ ಹೂಡಿದ. ಎರಡು ಜಡೆಯ ಹುಡುಗಿ ಮುಂಬಾಗಿಲ ಮೆಟ್ಟಿಲ ಮೇಲೆ ಗಲ್ಲಕ್ಕೆ ಕೈ ಕೊಟ್ಟು ಕೂತಿರುವ ಚಿತ್ರ ಬರೆದು, ಯಂತ್ರದ ಪಕ್ಕ ಇಟ್ಟ. ಮಗಳ ತುಟಿಗಳ ನಡುವೆ ಗುಂಡುಸೂಜಿಗಳಿದ್ದವು. ಓರೆಗಣ್ಣಲ್ಲಿ ನೋಡಿ, ಸೂಜಿ ಬೀಳದಂತೆ, “ಚೆನ್ನಾಗಿದೆ ಅಪ್ಪ,” ಎಂದಳು.

ಆ ಮಾತು ಅವನಿಗೆ ಯಾವತ್ತೂ ಅಷ್ಟು ಚುಚ್ಚಿರಲಿಲ್ಲ.

“ಸರಿ, ಸೋತೆ. ನೀನೇ ಹೇಳು. ಸಿಟ್ಟು ಬಂದಾಗ ಎಲ್ಲಿ ಕೂರ್ತಿದ್ದೆ ನೀನು?”

ಮಗಳು ಯಂತ್ರ ನಿಲ್ಲಿಸಿದಳು. “ನಿನ್ನ ಮೇಜಿನ ಕೆಳಗೆ.”

“ನನ್ನ ಮೇಜಿನ ಕೆಳಗಾ?”

“ಹೂಂ. ನಿನ್ನ ಕಾಲು ನೋಡ್ಕೊಂಡು. ಬಲಗಾಲಿನ ಹೆಬ್ಬೆರಳು ಕುಣೀತಿದ್ರೆ ಚಿತ್ರ ಚೆನ್ನಾಗಿ ಬರ್ತಿದೆ ಅಂತ. ನಿಂತ್ರೆ ಕೈಕೊಡ್ತು ಅಂತ. ಕೆಳಗೆ ಬಿದ್ದ ಪೆನ್ಸಿಲ್ ತುಂಡೆಲ್ಲ ಆರಿಸಿ ಜೇಬಲ್ಲಿ ಹಾಕ್ಕೊಳ್ತಿದ್ದೆ.”

ಆ ತುಂಡುಗಳಿಗಾಗಿ ಮಾಮ ವರ್ಷಗಟ್ಟಲೆ ಇಲಿಗಳನ್ನು ಬೈದಿದ್ದ.

“ಎಷ್ಟು ಹೊತ್ತು ಕೂತಿರ್ತಿದ್ದೆ?”

“ನೀನು ಬಗ್ಗಿ ನೋಡೋ ತನಕ ಅಂತ ಕೂರ್ತಿದ್ದೆ.”

“ನೋಡ್ತಿದ್ನಾ?”

ಮಗಳು ಬಟ್ಟೆಯನ್ನು ಸೂಜಿಯಡಿಗೆ ಸರಿಸಿಕೊಂಡಳು. “ಅಮ್ಮ ಊಟಕ್ಕೆ ಕರೀತಿದ್ಲು. ಎದ್ದು ಹೋಗ್ತಿದ್ದೆ,” ಎಂದಳು. ಸಿಟ್ಟಿನಿಂದಲ್ಲ, ನಿನ್ನೆ ಮಳೆ ಬಂದಿತ್ತು ಎನ್ನುವ ಹಾಗೆ. ಯಂತ್ರ ಮತ್ತೆ ಓಡತೊಡಗಿತು.

ಮಾಮ ತನ್ನ ಮೇಜಿಗೆ ಬಂದು ಕೂತ. ನಾಚಿಕೆಯಾಯಿತು, ಅದಕ್ಕಿಂತ ಹೆಚ್ಚು ದುಃಖವಾಯಿತು. ದೀಪದ ಬುಡದಲ್ಲಿ ಕತ್ತಲೆ ಎಂದು ಊರೆಲ್ಲ ಹೇಳುತ್ತದೆ. ಆ ಕತ್ತಲೆಯಲ್ಲಿ ಮಗುವೊಂದು ಕೂತು ಕಾಯುತ್ತಿರುತ್ತದೆಂದು ಯಾರೂ ಹೇಳಿರಲಿಲ್ಲ. ಅವನು ಚಿತ್ರ ಶುರುಮಾಡಿದ. ಮೇಜಿನ ಅಡಿಯ ನೆಳಲು, ಸವೆದ ಚಪ್ಪಲಿ, ಎರಡು ಕಾಲು, ಕಾಲಿನೆದುರು ಮೊಣಕಾಲು ತಬ್ಬಿ ಕೂತ ಹುಡುಗಿ. ಕೈ ತಾನಾಗಿ ಮೇಲಿನ ಅಂಚಿಗೆ ಹೋಯಿತು. ಅಲ್ಲೊಂದು ಮುಖ ಬರೆದರೆ ಆಯಿತು, ತಲೆಕೆಳಗಾಗಿ ಇಣುಕುವ ಅಪ್ಪನ ಮುಖ. ಪುಸ್ತಕ ಎಷ್ಟು ಚೆಂದ ಮುಗಿಯುತ್ತದೆ! ಆದರೆ ಮಾಮ ಕೈ ಹಿಂದೆಗೆದ. ಯಾರ ಬಾಯಿಂದಲೂ ಬಾರದ್ದು, ನಡೆಯದೇ ಇದ್ದದ್ದು. ಯಾವ ಪುಸ್ತಕದಲ್ಲೂ ಹೇಳದ ಸುಳ್ಳನ್ನು ಈ ಪುಸ್ತಕದಲ್ಲಿ ಹೇಗೆ ಹೇಳುವುದು?

ಚಿತ್ರ ಹಾಗೇ ಉಳಿಯಿತು. ಪ್ರೆಸ್ಸಿನ ಯಜಮಾನ ಬಂದು, “ಬರೀ ಕಾಲಿದೆಯಲ್ಲ ಮಾಮ, ಇದೆಂಥ ಕೊನೆ?” ಎಂದು ತಲೆ ಕೆರೆದುಕೊಂಡು ಹೋದ. ಮಾಮ ದಿನವೂ ಆ ಹಾಳೆಯನ್ನು ಎದುರಿಗಿಟ್ಟುಕೊಂಡು ಕೂರುವನು, ನೆಳಲಿಗೆ ನೆಳಲು ಸೇರಿಸುವನು, ಏಳುವನು.

ಹೀಗಿರುವಾಗ ಒಂದು ಮಧ್ಯಾಹ್ನ ಪಕ್ಕದ ಕೋಣೆಯಲ್ಲಿ ರಂಪವಾಯಿತು. ಮೊಮ್ಮಗಳಿಗೆ, ಇನ್ಯಾರದೋ ಸಮವಸ್ತ್ರದ ಹೊಸ ಕೋಟು ಹಾಕಿಕೊಂಡು ಅದರ ಹೊಳೆಯುವ ಗುಂಡಿಗಳನ್ನು ಬೀದಿಗೆಲ್ಲ ತೋರಿಸಿ ಬರುವ ಹಟ. ಅವಳಮ್ಮ ಬಿಡಲಿಲ್ಲ. ಕಿರುಚಾಟ, ಆಮೇಲೆ ಸದ್ದಿಲ್ಲ. ಮಾಮ ನೆಳಲಿನ ಕೆಲಸದಲ್ಲೇ ಮುಳುಗಿದ್ದ. ಕುಂಚ ಹಿಡಿದ ಕೈ ನಡುಗಿ ಒಂದು ಹನಿ ಮಸಿ ಹಾಳೆಗೆ ಬಿತ್ತು. ಕುಣಿಯುತ್ತಿದ್ದ ಹೆಬ್ಬೆರಳು ನಿಂತಿತು.

ಮೇಜಿನ ಕೆಳಗಿಂದ, ಅತ್ತು ಕಟ್ಟಿದ ಮೂಗಿನ ದನಿಯೊಂದು ಕೇಳಿತು. “ಅಜ್ಜ, ಚಿತ್ರ ಕೆಟ್ಟೋಯ್ತಾ?”

ಮಾಮ ಕುಂಚ ಕೆಳಗಿಟ್ಟ. ಒಂದು ಕೈಯಲ್ಲಿ ಮೇಜಿನ ಅಂಚು, ಇನ್ನೊಂದರಲ್ಲಿ ಕನ್ನಡಕ ಹಿಡಿದು ಬಗ್ಗತೊಡಗಿದ. ಸೊಂಟ ಬೇಡವೆಂದಿತು. ಮೊಣಕಾಲು ಲಟಕ್ಕೆಂದಿತು. ರಕ್ತವೆಲ್ಲ ತಲೆಗಿಳಿಯಿತು. ಕೊನೆಗೂ ಮುಖ ಮೇಜಿನ ಅಂಚಿನ ಕೆಳಗೆ ಬಂದಾಗ, ನೆಳಲಲ್ಲಿ ಎರಡು ಒದ್ದೆ ಕಣ್ಣು ಅವನನ್ನೇ ನೋಡುತ್ತಿದ್ದವು.

“ಯಾಕಮ್ಮಾ ಸಿಟ್ಟು?” ಎಂದು ಕೇಳಿದ.

ಮೊಮ್ಮಗಳು ಮೊದಲು ಮುಖ ತಿರುಗಿಸಿದಳು. ಆಮೇಲೆ, “ಅಜ್ಜ, ತಲೆಕೆಳಗಾದ್ರೆ ನಿನ್ನ ಮೀಸೆ ಹುಬ್ಬಿನ ಹಾಗಿದೆ,” ಎಂದು ಕಿಸಕ್ಕನೆ ನಕ್ಕಳು. ಕೋಟಿನ ಕತೆಯನ್ನೆಲ್ಲ ಹೇಳಿ ಮುಗಿಸುವ ತನಕ ಮಾಮ ಹಾಗೇ ಬಗ್ಗಿದ್ದ.

ಆಮೇಲೆ ನೆಟ್ಟಗಾಗಿ, ತಲೆಸುತ್ತು ಇಳಿಯುವ ತನಕ ಕಾದು, ಹೊಸ ಹಾಳೆ ತೆಗೆದು ಚಿತ್ರವನ್ನು ಮತ್ತೆ ಶುರುಮಾಡಿ, ಈ ಸಲ ತಲೆಕೆಳಗಾಗಿ ಇಣುಕುವ ಮುಖವನ್ನೂ ಬರೆದ. ಈಗ ಅದು ನಡೆದದ್ದಾಗಿತ್ತು. ಆದರೆ ಮೇಜಿನಡಿಯ ಹುಡುಗಿಗೆ ಮೊಮ್ಮಗಳ ಮುಖ ಕೊಡಲು ಹೋದರೆ ಪೆನ್ಸಿಲ್ ಒಪ್ಪಲಿಲ್ಲ. ಅವನಿಗರಿವಿಲ್ಲದೆಯೇ ಅವಳಿಗೆ ಹಳೆಯ ಗಿಡ್ಡ ಕೂದಲು ಬಂತು, ಒಂದೇ ದೊಡ್ಡ ಜೇಬಿನ ಫ್ರಾಕು ಬಂತು. ಜೇಬಿನಿಂದ ಪೆನ್ಸಿಲ್ ತುಂಡುಗಳು ಇಣುಕಿದವು.

ಮಾಮ ಹಾಳೆ ಹಿಡಿದು ಮಗಳ ಕೋಣೆಯ ಬಾಗಿಲಲ್ಲೇ ನಿಂತ. ಎಷ್ಟು ದೇಶದವರಿಗೆ ತೋರಿಸಿದ್ದಾನೆ, ಯಾವತ್ತೂ ಹೀಗೆ ಹೆದರಿರಲಿಲ್ಲ. ಚೆನ್ನಾಗಿದೆ ಅನ್ನಬೇಡ ಕಣೇ, ಏನು ಬೇಕಾದರೂ ಅನ್ನು, ಅದೊಂದನ್ನು ಅನ್ನಬೇಡ ಎಂದು ಮನಸ್ಸಿನಲ್ಲೇ ಬೇಡಿಕೊಂಡ.

ಮಗಳು ಚಿತ್ರ ತೆಗೆದುಕೊಂಡು ಕಿಟಕಿಯ ಬೆಳಕಿಗೆ ಹಿಡಿದಳು. ತುಟಿಯ ನಡುವಿನ ಗುಂಡುಸೂಜಿಗಳನ್ನು ಒಂದೊಂದಾಗಿ ತೆಗೆದು ಸೂಜಿದಿಂಬಿಗೆ ಚುಚ್ಚಿದಳು.

“ಅಪ್ಪ, ಜೇಬು ಎಡಗಡೆ ಇತ್ತು,” ಎಂದಳು.

ಮಾಮ ಪೆನ್ಸಿಲ್ಲನ್ನೂ ರಬ್ಬರನ್ನೂ ಮುಂದೆ ಚಾಚಿದ. ಮಗಳು ಹೊಲಿಯುವ ಬಟ್ಟೆಯನ್ನು ಪಕ್ಕಕ್ಕೆ ಸರಿಸಿ, ಬಲಗಡೆಯ ಜೇಬನ್ನು ಉಜ್ಜಿ, ಎಡಗಡೆ ತಾನೇ ಬರೆಯತೊಡಗಿದಳು. ಬರೆಯುತ್ತಾ, ತಲೆಯೆತ್ತದೆ, “ಮುಖ ಇನ್ನೂ ಸ್ವಲ್ಪ ಕೆಳಗೆ ಬರಬೇಕು,” ಎಂದಳು. “ಅಲ್ಲಿಂದ ನಾನು ಕಾಣಲ್ಲ ನಿನಗೆ.”