ಕೊಡಲ್ಲ ಅನ್ನದವನು

ಠಾಣೆಯ ಸಾಹೇಬರು ತಾಳ್ಮೆಯಿಂದಲೇ ಹೇಳಿದರು. "ನೋಡಮ್ಮ, ಇಸ್ಕೊಂಡ ಠೇವಣಿ ವಾಪಸ್ ಕೊಡ್ಲಿಲ್ಲ ಅಂದ ಮಾತ್ರಕ್ಕೆ ಅದು ಕ್ರೈಮ್ ಆಗಲ್ಲ. ಸಿವಿಲ್ಲು. ಕೋರ್ಟಿಗೆ ಹೋಗು."

ಗಂಗಾಲಕ್ಷ್ಮಿಗೆ ಅದು ತಲೆಗೆ ಹತ್ತಲಿಲ್ಲ. ನಂಗಲಿಯ ಹೆದ್ದಾರಿ ಪಕ್ಕ ಅವಳದು ಇಡ್ಲಿ ಗಾಡಿ. ತಿಂದು ದುಡ್ಡು ಕೊಡದೆ ಲಾರಿ ಹತ್ತಿದವನನ್ನು ಅಲ್ಲಿ ಕಳ್ಳ ಅಂತಲೇ ಕರೆಯುತ್ತಾರೆ. ಎರಡು ಇಡ್ಲಿಗೆ ಕಳ್ಳನಾಗುವವನು ಲಕ್ಷಗಳಿಗೆ ಹೇಗೆ ಸಿವಿಲ್ ಆದ?

ಆ ಲಕ್ಷಗಳು ಅವಳ ಗಂಡನ ಕಾಲಿನ ಬೆಲೆ. ಲಾರಿ ಓಡಿಸುತ್ತಿದ್ದ ಕದಿರೇಶ್ ಪಲಮನೇರಿನ ಹತ್ತಿರ ಅಪಘಾತದಲ್ಲಿ ಒಂದು ಕಾಲು ಕಳೆದುಕೊಂಡ. ಪರಿಹಾರ ಬಂತು. ಗಾಯ ಪೂರ್ತಿ ಮಾಗಲಿ, ಆಮೇಲೆ ಒಳ್ಳೆಯ ಕೃತಕ ಕಾಲು ಹಾಕಿಸೋಣ ಅಂದರು ಡಾಕ್ಟರು. ಅಲ್ಲಿಯವರೆಗೆ ಇರಲಿ ಅಂತ ಹಣವನ್ನು ಕಾಂತರಾಜನ ಫೈನಾನ್ಸಿನಲ್ಲಿ ಇಟ್ಟಳು. ಮದುವೆಗೂ ತಿಥಿಗೂ ಎಲ್ಲರ ಮನೆಗೆ ಬಂದು ನೆಲದ ಮೇಲೆ ಕೂತು ಉಣ್ಣುವ ಮನುಷ್ಯ ಅವನು. ಬ್ಯಾಂಕಿನವನು ಯಾವತ್ತಾದರೂ ಹಾಗೆ ಕೂತು ಉಂಡಿದ್ದಾನಾ?

ಗಾಯ ಮಾಗುವಷ್ಟರಲ್ಲಿ ಫೈನಾನ್ಸಿನ ಬಾಗಿಲು ಮುಚ್ಚಿತ್ತು.

ಹಣ ಇಟ್ಟವರೆಲ್ಲ ಸೇರಿ ದೂರು ಕೊಟ್ಟರು. ಇನ್ನೇನು ಎಫ್‌ಐಆರ್ ಆಗಬೇಕು, ಕಾಂತರಾಜ ಊರ ಹಿರಿಯರನ್ನು ಮುಂದಿಟ್ಟುಕೊಂಡು ಬಂದ. ಆಂಜನೇಯನ ಗುಡಿ ಮುಂದೆ ಒದ್ದೆ ಬಟ್ಟೆಯಲ್ಲಿ ನಿಂತು, ಉರಿಯುವ ಕರ್ಪೂರವನ್ನು ಅಂಗೈಯಿಂದ ಆರಿಸಿ ಆಣೆ ಮಾಡಿದ. "ಪೈಸೆ ಪೈಸೆ ಕೊಡ್ತೀನಿ. ಕಂಪ್ಲೇಂಟ್ ವಾಪಸ್ ತಗೊಳ್ಳಿ." ಕರ್ಪೂರ ಆರಿಸಿದವನ ಮೇಲೆ ಆಮೇಲೂ ಅನುಮಾನಪಟ್ಟರೆ ಪಾಪ ಅನುಮಾನಪಟ್ಟವರಿಗೇ ಅನ್ನುತ್ತಾರೆ ಈ ಕಡೆ.

ಅಲ್ಲೇ ಹಣ ಇಟ್ಟು ಕಳೆದುಕೊಂಡಿದ್ದ ಟೈಲರ್ ಮೆಹರ್ ಬಾನು ಗೊಣಗಿದಳು. "ಏ ಗಂಗಾ, ಅವ್ನ ಕೈಗೆ ಬೇಕಾದ್ರೆ ಮುಲಾಮು ಹಚ್ಚೇ. ಕಂಪ್ಲೇಂಟ್ ಮಾತ್ರ ಬಿಡಬೇಡ."

"ಸುಮ್ನಿರು ಬಾನು. ದೇವರ ಮುಂದೆ ಎಂಥಾ ಮಾತು!"

ಎಲ್ಲರಿಗಿಂತ ಮೊದಲು ದೂರು ಹಿಂದಕ್ಕೆ ಪಡೆದವಳು ಗಂಗಾಲಕ್ಷ್ಮಿಯೇ. ಕಾಂತರಾಜ ಒಂದು ತಿಂಗಳ ಬಡ್ಡಿ ಕೊಟ್ಟ. ಆಮೇಲೆ ಫೋನ್ ಎತ್ತಲಿಲ್ಲ. ಈಗ ಮತ್ತೆ ಠಾಣೆಗೆ ಬಂದರೆ ಈ ಸಿವಿಲ್ ಮಾತು: ನೀವೇ ರಾಜಿಯಾದಿರಿ, ಬಡ್ಡಿಯನ್ನೂ ತಗೊಂಡಿರಿ, ಇನ್ನೆಲ್ಲಿಯ ಮೋಸ?

ಕೋಲಾರದ ವಕೀಲೆ ಆಶಾರಾಣಿ ಬಿಡಿಸಿ ಹೇಳಿದರು. "ಕಾಯ್ದೆ ಇದೆ ಕಣಮ್ಮ, ಠೇವಣಿ ಇಟ್ಟೋರಿಗೆ ಅಂತಲೇ ಇದೆ. ಜೈಲೂ ಇದೆ. ಆದ್ರೆ ಮೋಸ ಮಾಡೋಕೇ ಕೊಡ್ಲಿಲ್ಲ ಅಂತ ತೋರಿಸ್ಬೇಕು. ಕೊಡೋಕೆ ಆಗ್ಲಿಲ್ಲ ಅನ್ನೋದು ಬೇರೆ, ಕೊಡಬಾರ್ದು ಅಂತಿದ್ದ ಅನ್ನೋದು ಬೇರೆ. ಅವನ ಲಾಯರು ಆ ಕರ್ಪೂರ, ಆ ಬಡ್ಡಿ ತೋರಿಸಿ, ಎಂಥಾ ಒಳ್ಳೇ ಮನಸ್ಸು ನೋಡಿ ಅಂತಾನೆ. ಹಾಕೋಣ ಕೇಸು. ಟೈಮ್ ಹಿಡಿಯುತ್ತೆ."

"ಎಷ್ಟು ಟೈಮು, ಮೇಡಂ?"

ಆಶಾರಾಣಿ ಫ್ಯಾನಿನ ಕಡೆ ನೋಡಿದರು.

ದೇವರ ಹೆಸರಲ್ಲಿ ಮಾಡಿದ ಆಣೆ ಕಾನೂನಿನ ಮುಂದೆ ಕಳ್ಳನಿಗೇ ಸಾಕ್ಷಿ! ಅವನ ಹೊಟ್ಟೆಯೊಳಗೆ ಏನಿತ್ತು ಅನ್ನುವುದನ್ನು ಇಡ್ಲಿ ಮಾರುವ ಹೆಂಗಸು ಬಗೆದು ತೋರಿಸಬೇಕಂತೆ.

ಗಂಗಾಲಕ್ಷ್ಮಿಗೆ ಹೊಳೆದದ್ದು ಒಂದೇ ದಾರಿ: ಹೊಟ್ಟೆಯೊಳಗಿನದನ್ನು ಅವನ ಬಾಯಿಂದಲೇ, ನಾಲ್ಕು ಜನರ ಮುಂದೆ ಆಡಿಸುವುದು. ಕಾಂತರಾಜ ಶ್ರೀನಿವಾಸಪುರದಲ್ಲಿ ಮಾವಿನ ಮಂಡಿ ಇಟ್ಟಿದ್ದಾನೆ ಅಂತ ಕೇಳಿ ಅಲ್ಲಿಗೆ ಬಸ್ಸು ಹತ್ತಿದಳು. ಅವನು ಎದ್ದು ನಿಂತು ಕುರ್ಚಿ ಕೊಟ್ಟ.

"ಬಾ ಅಕ್ಕಾ. ಬಾವ ಹೆಂಗಿದ್ದಾರೆ?"

"ಕಾಲಿಲ್ಲದೆ ಇದ್ದಾರೆ. ಕಾಲು ಹಾಕೋರು ಇನ್ನೂ ತಡ ಮಾಡಬೇಡಿ ಅಂತಿದ್ದಾರೆ. ದುಡ್ಡು ಕೊಡ್ತೀಯಾ?"

"ಕೊಡದೆ ಇರ್ತೀನಾ ಅಕ್ಕಾ? ಸೀಜನ್ ಮುಗೀಲಿ."

"ಗುಡಿ ಮುಂದೇನೂ ಕೊಡ್ತೀನಿ ಅಂತಲೇ ಅಂದೆ. ಬೇಡಪ್ಪ, ಕೊಡಲ್ಲ ಅಂದ್ಬಿಡು. ಇವರೆಲ್ಲರ ಮುಂದೆ ಒಂದ್ಸಲ ಅನ್ನು ಸಾಕು, ಹೋಗ್ತೀನಿ."

ಮಂಡಿಯ ಕೂಲಿಗಳು ಬುಟ್ಟಿ ಇಳಿಸಿ ನಿಂತರು. ಕಾಂತರಾಜ ಎದೆಯ ಮೇಲೆ ಕೈ ಇಟ್ಟುಕೊಂಡ.

"ಆ ಮಾತು ನನ್ನ ಬಾಯಲ್ಲಿ ಬರುತ್ತಾ ಅಕ್ಕಾ? ಕೊಟ್ಟೇ ಕೊಡ್ತೀನಿ."

"ಅನ್ನಪ್ಪಾ!" ಅವಳು ಅವನ ಮುಂದೆ ಬಗ್ಗಿದಳು. "ನಿನ್ನ ಕಾಲಿಗೆ ಬೀಳ್ತೀನಿ, ಕೊಡಲ್ಲ ಅನ್ನು!"

"ಏ, ಯಾರೋ ಅಲ್ಲಿ, ಅಕ್ಕಂಗೆ ನೀರು ಕೊಡ್ರೋ," ಅಂದ ಕಾಂತರಾಜ.

ಮನೆಗೆ ಬಂದಾಗ ಕದಿರೇಶ್ ಗೋಡೆ ಹಿಡಿದು ನಿಂತಿದ್ದ. "ಏನಂದ?"

"ಕೊಡ್ತೀನಿ ಅಂದ," ಅಂದಳು ಗಂಗಾಲಕ್ಷ್ಮಿ, ಅವನ ಕಡೆ ನೋಡದೆ.